ಶನಿವಾರ ಏಳೂವರೆಯ ಪಂದ್ಯ

"ಶನಿವಾರವಾ? ಶನಿವಾರ ನಾನು ಬಾಕ್ಸ್ ಕೊಡ್ಲೇ ಇಲ್ಲ ಮಾರಾಯ್ರೆ!"

ಅಕ್ಕು ಹಾಗೆಂದ ಕೂಡಲೇ ವೀರಭದ್ರಪ್ಪ ತುಟಿಯ ತನಕ ತಂದಿದ್ದ ಚಹಾದ ಲೋಟವನ್ನು ಹಾಗೇ ಕೆಳಗಿಟ್ಟ.

"ಕೊಡಲಿಲ್ಲ ಅಂದ್ರ? ಬಾಕ್ಸ್ ಇಲ್ಲೇ ಇತ್ತೇನ್ರಿ, ಮನ್ಯಾಗ?"

"ಇಲ್ಲೇ ಇತ್ತು. ಆರು ಗಂಟೆಗೆ ಲೀಲಾಧರ ಚೀಲ ಹಿಡ್ಕೊಂಡು ಬಂದ. ಯಾವಾಗ್ಲೂ ಹಾಗೇ, ಮ್ಯಾಚ್ ಇದ್ದ ದಿನ ಮನೆಯ ಬಾಕ್ಸ್ ಬಾರಿಗೆ ಹೋಗ್ತದೆ. ನಾನು ಕಪ್ಪು ಟಿವಿ ನೋಡ್ಕೊಂಡು ಕೂತ್ಕೊಳ್ಳೋದು. ಈ ಸಲ ಬಿಡ್ಲಿಲ್ಲ. ಧಾರಾವಾಹಿಯಲ್ಲಿ ಆ ಹುಡುಗಿಯ ಮದುವೆ ಇತ್ತಲ್ಲ, ಎರಡು ವರ್ಷದಿಂದ ಕಾದದ್ದು ನಾನು! ಏಳೂವರೆಯಿಂದ ಒಂಬತ್ತರವರೆಗೆ ತೋರಿಸಿದ್ರು. ಬಾಕ್ಸಿನ ಮೇಲೆ ಕೈ ಇಟ್ಕೊಂಡೇ ಕೂತೆ."

"ಖರೇನ ಅಮ್ಮಾರ?"

"ಬೇಕಾದ್ರೆ ಪಕ್ಕದ ಮನೆ ನಳಿನಾಕ್ಷಿಯನ್ನು ಕೇಳಿ. ಅವಳೂ ಇಲ್ಲೇ ಕೂತು ಮೂಗು ಒರೆಸ್ಕೊಂಡು ನೋಡಿದ್ದು. ಲೀಲಾಧರನಿಗೆ ಸಿಟ್ಟು ಬಂತು. ಖಾಲಿ ಚೀಲ ತಗೊಂಡು ದಡದಡ ಇಳ್ದು ಹೋದ."

ಎಪ್ಪತ್ತಾರರ ಆ ಮುದುಕಿ ಸುಳ್ಳು ಹೇಳುವ ಪೈಕಿಯಲ್ಲ. ಹೇಳುವುದಿದ್ದರೂ ಬಾರು ನಡೆಸುವ ಮಗ ಲೀಲಾಧರನಿಗೆ ಅನುಕೂಲವಾಗುವ ಸುಳ್ಳು ಹೇಳಬೇಕಿತ್ತು. ಇದು ಮಗನ ಕುತ್ತಿಗೆಗೇ ಬರುವ ಮಾತು. ಪಾಪ, ಅದು ಅವಳಿಗೆ ಗೊತ್ತಿರಲಿಲ್ಲ.

ವೀರಭದ್ರಪ್ಪ ಅಂಗಿಯ ಜೇಬಿನಿಂದ ನಾಲ್ಕು ಮಡಿಕೆಯ ಕಾಗದ ತೆಗೆದ. ಅದರಲ್ಲೊಂದು ಫುಟ್‌ಬಾಲ್ ಪಂದ್ಯದ ಚಿತ್ರ: ಹಸಿರು ಮೈದಾನ, ಕೆಂಪು ಅಂಗಿಯ ಇಬ್ಬರು, ನೀಲಿ ಅಂಗಿಯವನೊಬ್ಬ, ಮೂಲೆಯಲ್ಲಿ ಹನ್ನೊಂದು ಅಂಕಿಗಳ ಒಂದು ನಂಬರು. ಕೆಳಗೆ ಸಮಯ, ಶನಿವಾರ ಸಂಜೆ ಎಂಟು ಗಂಟೆ ಎರಡು ನಿಮಿಷ. ಅವನು ಎದ್ದು ಟಿವಿಯ ಕೆಳಗಿದ್ದ ಸೆಟ್‌ಟಾಪ್ ಬಾಕ್ಸನ್ನು ಮಗುಚಿ ಅದರ ಅಡಿಗೆ ಅಂಟಿಸಿದ್ದ ಚೀಟಿ ಓದಿದ. ಅದೇ ನಂಬರು. ಒಂದು ಅಂಕಿಯೂ ಆಚೀಚೆ ಇರಲಿಲ್ಲ.

ಫುಟ್‌ಬಾಲಿನ ಬಗ್ಗೆ ವೀರಭದ್ರಪ್ಪನಿಗೆ ಗೊತ್ತಿದ್ದದ್ದು ಇಷ್ಟೇ: ಇಪ್ಪತ್ತೆರಡು ಜನ, ಒಂದು ಚೆಂಡು, ಕೈ ಹಚ್ಚಬಾರದು. ಆದರೂ ಎರಡು ವರ್ಷದಿಂದ ಅವನ ಅನ್ನ ಅದರಲ್ಲೇ ಇತ್ತು. ಮೂವತ್ತೊಂದು ವರ್ಷ ಮುಂಬಯಿ ಬದಿಯ ಕಲ್ಯಾಣದ ರೈಲ್ವೆ ಪೊಲೀಸಿನಲ್ಲಿ ಸವೆದು ನಿವೃತ್ತನಾದವನು ಈಗ ಪ್ರಸಾರದ ಕಳ್ಳತನ ಹಿಡಿಯುವ ಒಂದು ಏಜೆನ್ಸಿಯ ಪತ್ತೇದಾರ. ಇಂಗ್ಲೆಂಡಿನ ಮೊದಲ ದರ್ಜೆಯ ಲೀಗನ್ನು ಇಲ್ಲಿ ನೇರ ತೋರಿಸುವ ಹಕ್ಕು ಕೊಂಡಿದ್ದ ಚಾನೆಲ್ಲಿನವರು ಆ ಏಜೆನ್ಸಿಯನ್ನು ನೇಮಿಸಿದ್ದರು.

ಈ ಹಕ್ಕಿನ ವ್ಯವಹಾರದಲ್ಲೊಂದು ವಿಚಿತ್ರವಿದೆ. ಇಂಗ್ಲೆಂಡಿನಲ್ಲಿ ಶನಿವಾರ ಮಧ್ಯಾಹ್ನ ಮೂರಕ್ಕೆ ಶುರುವಾಗುವ ಪಂದ್ಯಗಳನ್ನು ಇಂಗ್ಲೆಂಡಿನ ಟಿವಿಯಲ್ಲೇ ನೇರ ತೋರಿಸುವಂತಿಲ್ಲ. ಜನ ಮನೆಯಲ್ಲಿ ಕೂರದೆ ಮೈದಾನಕ್ಕೆ ಬರಲಿ ಎಂದು ಮಾಡಿಕೊಂಡ ಹಳೆಯ ಕಟ್ಟಳೆ. ಅವರ ಮೂರು ಗಂಟೆಗೆ ನಮ್ಮಲ್ಲಿ ಏಳೂವರೆ, ಅದೇ ಪಂದ್ಯ ಕಲ್ಯಾಣದ ಪಕ್ಕದ ಈ ಡೊಂಬಿವಲಿಯ ಮನೆಮನೆಗೂ ನೇರ ಬರುತ್ತದೆ. ತಮ್ಮೂರಿನ ಆಟ ತಮಗೇ ಕಾಣದೆ ಒದ್ದಾಡುವ ಅಲ್ಲಿಯವರಿಗೆ ಯಾರೋ ಇಲ್ಲಿಂದ ಚಿತ್ರ ಕದ್ದು ಮಾರುತ್ತಿದ್ದರು.

ಕಳ್ಳನನ್ನು ಹಿಡಿಯುವ ಉಪಾಯವೇನೂ ಕಷ್ಟದ್ದಲ್ಲ. ಆಟದ ನಡುವೆ ಯಾವಾಗಲೋ ಒಮ್ಮೆ ಚಾನೆಲ್ಲಿನವರು ಪ್ರತಿ ಬಾಕ್ಸಿನ ನಂಬರು ಅದರದೇ ಪರದೆಯ ಮೇಲೆ ನಾಲ್ಕು ಸೆಕೆಂಡು ಮೂಡುವಂತೆ ಮಾಡುತ್ತಾರೆ. ಕದ್ದ ಚಿತ್ರದಲ್ಲಿ ಯಾವ ನಂಬರು ಕಂಡಿತೋ ಆ ಬಾಕ್ಸೇ ಕಳ್ಳಬಾಕ್ಸು. ಶನಿವಾರ ಕಂಡದ್ದು ಅಕ್ಕುವಿನ ಬಾಕ್ಸಿನ ನಂಬರು.

"ಎಂಟು ಗಂಟಿಗೆ ಈ ಟಿವ್ಯಾಗ ಏನ್ ಬರಾಕತ್ತಿತ್ತು, ನೆನಪೈತೇನ್ರಿ?"

"ಎಂಟಕ್ಕಾ? ಧಾರೆ ಆಗ್ತಾ ಇತ್ತು. ಹುಡುಗನ ಅತ್ತಿಗೆ ಬಂದು ಬೊಬ್ಬೆ ಹಾಕಿದ್ದು ಆಮೇಲೆ."

ಒಂದು ಬಾಕ್ಸು ಒಂದು ಹೊತ್ತಿಗೆ ಒಂದೇ ಚಾನೆಲ್ ತೋರಿಸುತ್ತದೆ. ಇಲ್ಲಿ ಧಾರೆ ಎರೆಯುತ್ತಿದ್ದಾಗ ಇದೇ ನಂಬರಿನಲ್ಲಿ ಇಂಗ್ಲೆಂಡಿನ ಪಂದ್ಯ ಓಡಿದೆ ಎಂದಾದರೆ, ಈ ಬಾಕ್ಸಿಗೆ ಒಂದು ಅವಳಿಯಿದೆ. ಮತ್ತೆ ಲೀಲಾಧರ ಮೂರು ದಿನದಿಂದ ಹೇಳುತ್ತ ಬಂದದ್ದೇನು? 'ಹೌದು ಸಾಹೇಬ್ರೆ, ಮನೆಯ ಬಾಕ್ಸ್ ಬಾರಲ್ಲಿಟ್ಟು ಮ್ಯಾಚ್ ತೋರಿಸಿದೆ, ತಪ್ಪಾಯ್ತು. ಒಂಬತ್ತೂವರೆಯವರೆಗೆ ನಾನು ಕೌಂಟರ್ ಬಿಟ್ಟು ಏಳ್ಲಿಲ್ಲ.' ಸಣ್ಣ ತಪ್ಪನ್ನು ಮುಂದೆ ಮಾಡಿ ದೊಡ್ಡದನ್ನು ಅದರ ಬೆನ್ನಿಗೆ ಅಡಗಿಸಿಟ್ಟಿದ್ದ.

"ಈ ಬಾಕ್ಸಿಗೆ ಹೊರಗಿನವ್ರು ಯಾರರ ಕೈ ಹಚ್ಚಿದ್ರೇನು?"

ಅಕ್ಕುವಿನ ಮುಖ ಬಾಡಿತು. "ಯಶ್ವಂತ್. ಒಂದು ತಿಂಗಳಾಯ್ತು. ರಿಪೇರಿ ಉಂಟು ಅಂತ ತಗೊಂಡು ಹೋಗಿ ಎರಡು ಗಂಟೆ ಬಿಟ್ಟು ತಂದ್ಕೊಟ್ಟ. ಚಾ ಕುಡ್ದು ಹೋದ. ಅಷ್ಟು ಒಳ್ಳೆ ಹುಡುಗ. ಅವ್ನು ಹಳಿಗೆ ಬಿದ್ದ ಅಂತ ಕೇಳಿ ನನಗೆ ಎರಡು ದಿನ ಊಟ ಸೇರ್ಲಿಲ್ಲ."

ಕಣ್ಣು ಒರೆಸಿಕೊಳ್ಳುತ್ತ ಅವಳು ಒಳಗೆ ಹೋದಳು. ವೀರಭದ್ರಪ್ಪ ಹೇಳದೆ ಕೇಳದೆ ಚಪ್ಪಲಿ ಮೆಟ್ಟಿ ಹೊರಬಿದ್ದ.

*

ಹಳಿಗೆ ಬಿದ್ದ. ಊರೆಲ್ಲ ಅದನ್ನೇ ಹೇಳುತ್ತಿತ್ತು. ಕೇಬಲ್ ಆಫೀಸಿನ ತಂತ್ರಜ್ಞ ಯಶ್ವಂತ್, ಇಪ್ಪತ್ತಾರು ವರ್ಷ, ಶನಿವಾರ ರಾತ್ರಿ ಒಂಬತ್ತರ ಸುಮಾರಿಗೆ ಡೊಂಬಿವಲಿ ಸ್ಟೇಷನ್ನಿನಿಂದ ಕೂಗಳತೆಯಲ್ಲಿ ಫಾಸ್ಟ್ ಲೋಕಲ್ಲಿಗೆ ಸಿಕ್ಕಿ ಸತ್ತಿದ್ದ.

ಕಳ್ಳ ಚಿತ್ರ ಕಳಿಸುವ ಕೆಲಸ ಮಾಡುತ್ತಿದ್ದವನು ಅವನೇ. ಅದನ್ನು ಬಿಟ್ಟು ಹೊರಬರುತ್ತೇನೆಂದು ವೀರಭದ್ರಪ್ಪನ ಕಾಲಿಗೆ ಬಿದ್ದವನೂ ಅವನೇ. ಮಾಡಿಸುತ್ತಿದ್ದವರ ಹೆಸರು ಹೇಳುತ್ತೇನೆ, ಒಂಬತ್ತಕ್ಕೆ ಪ್ಲಾಟ್‌ಫಾರ್ಮಿಗೆ ಬನ್ನಿ ಎಂದಿದ್ದ. ವೀರಭದ್ರಪ್ಪ ಅಲ್ಲಿ ಬೆಂಚಿನ ಮೇಲೆ ಕೂತು ಹತ್ತೂವರೆಯ ತನಕ ಕಾದಿದ್ದ. ಯಾರೋ ಹಳಿಯ ಮೇಲೆ ಹೋದರಂತೆ ಎಂದು ಜನ ಮಾತಾಡಿಕೊಳ್ಳುತ್ತಿದ್ದದ್ದೂ ಕಿವಿಗೆ ಬಿದ್ದಿತ್ತು. ಇಷ್ಟು ವರ್ಷದ ಅಭ್ಯಾಸ, ತಲೆ ಎತ್ತಿಯೂ ನೋಡಿರಲಿಲ್ಲ.

ಅದು ಅವನನ್ನು ನಾಲ್ಕು ದಿನದಿಂದ ತಿನ್ನುತ್ತಿತ್ತು. ನೌಕರಿಯಲ್ಲಿದ್ದಾಗ 'ಹಳಿ ದಾಟುವಾಗ ಅಪಘಾತ' ಎಂದು ಅವನು ಎಷ್ಟು ಪಂಚನಾಮೆ ಬರೆದಿದ್ದನೋ ಲೆಕ್ಕವಿಲ್ಲ. ಕೆಲವನ್ನು ಹೆಣ ನೋಡುವ ಮೊದಲೇ ಬರೆದದ್ದುಂಟು. ಈಗ ಅದೇ ಸಾಲು ಯಶ್ವಂತನ ಕಡತಕ್ಕೂ ಬೀಳುವುದರಲ್ಲಿತ್ತು. ಎಂಐಡಿಸಿ ಎಂಬ ಕೈಗಾರಿಕಾ ಬಡಾವಣೆಯ ಕಡೆಯಿಂದ ಬರುವವನಿಗೆ ಹಳಿ ದಾಟುವ ಗರಜೇ ಇಲ್ಲ, ಸ್ಟೇಷನ್ನು ಈಚೆಗೇ ಸಿಗುತ್ತದೆ ಎಂದು ವೀರಭದ್ರಪ್ಪ ತಲೆ ಚಚ್ಚಿಕೊಂಡರೂ ಯಾರೂ ಕೇಳಲಿಲ್ಲ. ಒಂದು ಕಾಲಕ್ಕೆ ಅವನ ಕೈಕೆಳಗಿದ್ದ ರೈಲ್ವೆ ಇನ್ಸ್‌ಪೆಕ್ಟರ್ ಹಳೆಯ ಋಣಕ್ಕೆ ಒಂದೇ ಮಾತು ಕೊಟ್ಟಿದ್ದ: ಬುಧವಾರ ಸಂಜೆ ಐದರೊಳಗೆ ಪುರಾವೆ ತಂದರೆ ಕೊಲೆ, ಇಲ್ಲದಿದ್ದರೆ ಅಪಘಾತ.

ಇಂದು ಬುಧವಾರ. ಗಂಟೆ ಎರಡೂ ಮುಕ್ಕಾಲು.

ಪುರಾವೆ ಇದ್ದದ್ದು ಯಶ್ವಂತನ ತಂಗಿ ಪ್ರಣೀತಾಳ ಹತ್ತಿರ. ಘೋಡಬಂದರ್ ರಸ್ತೆಯ ಒಂದು ಹಲ್ಲಿನ ಕ್ಲಿನಿಕ್ಕಿನಲ್ಲಿ ಕೆಲಸ, ಇಪ್ಪತ್ತೆರಡರ ಹುಡುಗಿ, ಅಣ್ಣನನ್ನು ಬಿಟ್ಟರೆ ಹಿಂದೆ ಮುಂದೆ ಯಾರೂ ಇಲ್ಲದವಳು. ಅಣ್ಣ ಸತ್ತ ದಿನ ಬೆಳಿಗ್ಗೆ ತನ್ನ ಎರಡನೇ ಫೋನು ಅವಳ ಕೈಯಲ್ಲಿಟ್ಟು, ಇದರಲ್ಲಿ ಮಾಡಿಸುವವರ ಮಾತು ರೆಕಾರ್ಡ್ ಆಗಿದೆ, ಜೋಪಾನ ಎಂದಿದ್ದ. ಅವಳು ಅದನ್ನು ಕ್ಲಿನಿಕ್ಕಿನ ಕಪಾಟಿನಲ್ಲಿಟ್ಟು ಬೀಗ ಹಾಕಿದ್ದಳು. ಮೂರೂವರೆಗೆ ಅದನ್ನು ತಗೊಂಡು ಕೆಲಸ ಬಿಟ್ಟು, ಥಾಣೆಯಲ್ಲಿ ಲೇಡೀಸ್ ಡಬ್ಬಿ ಹತ್ತಿ, ಐದರೊಳಗೆ ಡೊಂಬಿವಲಿಯ ರೈಲ್ವೆ ಠಾಣೆಗೆ ಬರಬೇಕೆಂದು ವೀರಭದ್ರಪ್ಪ ಹೇಳಿಟ್ಟಿದ್ದ.

ರಿಕ್ಷಾದಲ್ಲಿ ಕೂರುತ್ತಿದ್ದಂತೆ ಫೋನು ಬಂತು. ಏಜೆನ್ಸಿಯ ಮುಖ್ಯಸ್ಥ ಸಂಕರ್ಷಣ, ಬೆಂಗಳೂರಿನವನು. ನವಿಮುಂಬಯಿಯ ಆಫೀಸಿನಲ್ಲಿ ಕೂತು ದಿನಾ ಬೆಳಿಗ್ಗೆ ವೀರಭದ್ರಪ್ಪನಿಂದ ವರದಿ ಕೇಳಿಸಿಕೊಳ್ಳುವವನು ಅವನೇ.

"ಏನ್ ವೀರಭದ್ರಪ್ಪನೋರೆ, ಆಯ್ತಾ? ನಂಬರ್ ಮ್ಯಾಚ್ ಆಗಿದೆ, ಲೀಲಾಧರ ಒಪ್ಕೊಂಡಿದ್ದಾನೆ. ಇನ್ನೇನ್ ಬೇಕು? ಫೈಲ್ ಮುಗಿಸ್ಬಿಡಿ."

"ಇನ್ನೆರಡ್ ತಾಸು ಕೊಡ್ರಿ ಸಾಹೇಬ್ರ. ಐದಕ್ಕ ಆ ಹುಡುಗಿ ಬಂದ್ಲಂದ್ರ ಎಲ್ಲಾ ಬಗಿಹರೀತೈತಿ."

"ಸರಿ. ಅವ್ಳನ್ನ ಕರ್ಕೊಂಡ್ ಬರೋಕೆ ಕಾರ್ ಕಳಿಸ್ಲಾ?"

"ಬ್ಯಾಡ್ರಿ. ರೈಲಿನಾಗ ಮಂದಿ ಇರ್ತಾರ. ಮಂದ್ಯಾಗ ಬರೋದ ಛಲೋ."

"ನಿಮ್ಮಿಷ್ಟ," ಎಂದು ಸಂಕರ್ಷಣ ಫೋನಿಟ್ಟ.

*

ರಿಕ್ಷಾ ಟ್ರಾಫಿಕ್ಕಿನಲ್ಲಿ ಸಿಕ್ಕಿ ಲೀಲಾಧರನ ಬಾರು ಮುಟ್ಟುವಾಗ ಮೂರೂವರೆ. ಮಧ್ಯಾಹ್ನದ ಬಾರು ನೋಡಲು ಚಂದವಲ್ಲ. ಮೇಜುಗಳ ಮೇಲೆ ಕುರ್ಚಿಗಳನ್ನು ಮಗುಚಿಟ್ಟಿದ್ದರು. ಫಿನೈಲ್ ಹಾಕಿ ಒರೆಸಿದ ನೆಲದಿಂದ ನಿನ್ನೆಯ ಬಿಯರಿನ ವಾಸನೆ ಇನ್ನೂ ಹೋಗಿರಲಿಲ್ಲ. ಗೋಡೆಯ ದೊಡ್ಡ ಟಿವಿ ಆರಿತ್ತು. ಲೀಲಾಧರ ಒಬ್ಬನೇ ಕೌಂಟರಿನ ಹಿಂದೆ ನಿಂತು ಗ್ಲಾಸು ಒರೆಸುತ್ತಿದ್ದ. ಐವತ್ತರ ಆಸುಪಾಸಿನ ದಪ್ಪ ಮನುಷ್ಯ, ನಾಲ್ಕು ದಿನದಲ್ಲಿ ಅಂಗಿ ಸಡಿಲಾಗುವಷ್ಟು ಇಳಿದಿದ್ದ.

"ಬನ್ನಿ ಸಾಹೇಬ್ರೆ. ಎಂತ ಕುಡೀತೀರಿ?"

"ನಿಮ್ಮ ತಾಯಿಯವ್ರು ಈಗ ಚಹಾ ಕೊಟ್ರು."

ಒರೆಸುತ್ತಿದ್ದ ಕೈ ನಿಂತಿತು.

"ಅವರನ್ನು ಯಾಕೆ ಕೇಳ್ಲಿಕ್ಕೆ ಹೋದ್ರಿ? ವಯಸ್ಸಾಯ್ತು, ಅವರಿಗೆ ನೆನಪಿರುದಿಲ್ಲ."

"ಧಾರಾವಾಹಿ ಹುಡುಗಿ ಮದುವಿ ಯಾವಾಗ ಆತು, ಯಾರ ಬಂದು ಒದರಿದ್ರು, ಎಲ್ಲಾ ನೆನಪೈತಿ. ನೀವ್ ಖಾಲಿ ಚೀಲ ತಗೊಂಡು ಇಳಿದು ಹೋಗಿದ್ದೂ ನೆನಪೈತಿ." ವೀರಭದ್ರಪ್ಪ ಒಂದು ಕುರ್ಚಿ ಇಳಿಸಿ ಕೌಂಟರಿನ ಎದುರಿಗೇ ಹಾಕಿಕೊಂಡು ಕೂತ. "ಶನಿವಾರ ನಿಮ್ಮ ಬಾರಿನಾಗ ಬಾಕ್ಸ್ ಇರಲಿಲ್ಲ ಲೀಲಾಧರಣ್ಣಾ. ಹಂಗಾರ ನಲವತ್ತು ಮಂದಿ ಏನ್ ನೋಡಿದ್ರು? ಬರೀ ಗ್ವಾಡಿ ನೋಡಿದ್ರೇನು?"

ಲೀಲಾಧರ ಗ್ಲಾಸನ್ನು ಬೆಳಕಿಗೆ ಹಿಡಿದು ನೋಡಿದ. ಅದು ಆಗಲೇ ಫಳಫಳ ಹೊಳೆಯುತ್ತಿತ್ತು.

"ನೋಡ್ರಿ, ಐದು ಗಂಟಿಗೆ ಆ ಹುಡುಗನ ಕಡತ ಮುಚ್ಚತಾರ. ಮುಚ್ಚಿದ್ರ ಅವ ತಾನ ಹಳಿ ದಾಟಾಕ ಹೋಗಿ ಸತ್ತ ಅಂತ ಆಗ್ತೈತಿ. ಅವನ ತಂಗಿ ಜನ್ಮಪೂರ್ತಿ ಅದನ್ನ ನಂಬಿ ಬದುಕಬೇಕು. ನಿಮ್ಮ ಬಾರಿನ ಕೇಸು ನಂಗ ಬ್ಯಾಡ. ಆ ಪಂದ್ಯ ಎಲ್ಲಿಂದ ಬಂತು, ಅಷ್ಟ ಹೇಳ್ರಿ."

"ಅವನೇ ಕೊಟ್ಟದ್ದು," ಎಂದ ಲೀಲಾಧರ. "ಯಶ್ವಂತ್. ಅಮ್ಮ ಬಾಕ್ಸ್ ಬಿಡ್ಲಿಲ್ಲ ಅಂತ ಅವನಿಗೆ ಫೋನ್ ಮಾಡಿದೆ. ಗಿರಾಕಿಗಳು ಬಂದು ಕೂತಾಗಿದೆ, ಎಂತಾದ್ರೂ ಮಾಡು ಮಾರಾಯ ಅಂದೆ. ಅವ್ನು ಫೋನಿಗೆ ಒಂದು ಲಿಂಕ್ ಕಳ್ಸಿದ. ಅದನ್ನೇ ಟಿವಿಗೆ ಹಾಕಿದೆ. ಮೂಲೆಯಲ್ಲಿ ನಮ್ಮದೇ ಬಾಕ್ಸಿನ ನಂಬರ್ ಬಂದದ್ದು ನೋಡಿ ನನಗೆ ಕೈಕಾಲು ತಣ್ಣಗಾಯ್ತು. ನನ್ನ ಹೆಸರಲ್ಲಿ ಎಂತ ಮಾಡ್ತಿದ್ದಾನೆ ಇವ್ನು ಅಂತ."

"ಆಮ್ಯಾಲ?"

"ಎಂಟೂ ಹತ್ತಕ್ಕೆ ಚಿತ್ರ ನಿಂತುಹೋಯ್ತು. ಗೋಲ್ ಹೊಡಿಲಿಕ್ಕೆ ಓಡ್ತಿದ್ದವ್ನು ಹಾಗೇ ನಿಂತ. ಎಲ್ರೂ ಬೊಬ್ಬೆ. ಯಶ್ವಂತ್ ಫೋನ್ ಎತ್ಲಿಲ್ಲ. ನನಗೆ ಅವ್ನ ಜಾಗ ಗೊತ್ತುಂಟು, ಎಂಐಡಿಸಿ ಕ್ವಾರ್ಟರ್ಸ್ ಹಿಂದೆ ಒಂದು ಫ್ಲಾಟ್. ಊಟದ ಪಾರ್ಸೆಲ್ ನಮ್ಮಲ್ಲಿಂದಲೇ ಹೋಗ್ತಿತ್ತು. ಸ್ಕೂಟರ್ ತಗೊಂಡು ಹೋದೆ. ಕೇಳಿಯೇ ಬಿಡುವ ಅಂತ."

ಕೌಂಟರ್ ಬಿಟ್ಟು ಏಳಲಿಲ್ಲ ಎಂದವನು ಎದ್ದಿದ್ದ. ವೀರಭದ್ರಪ್ಪನ ಬೆನ್ನು ತಾನಾಗಿಯೇ ನೆಟ್ಟಗಾಯಿತು. ಎದುರಿಗಿರುವ ಮನುಷ್ಯ ಕೊಲೆಗಾರನೋ, ಅಂಜುಬುರುಕನೋ, ಇನ್ನು ಎರಡು ಮಾತಿನಲ್ಲಿ ಗೊತ್ತಾಗಬೇಕಿತ್ತು.

"ಹೊಡೆದ್ರೇನು ಅವನ್ನ?"

"ನಾನಾ? ದೇವರಾಣೆ ಇಲ್ಲ ಸಾಹೇಬ್ರೆ!" ಲೀಲಾಧರ ಗ್ಲಾಸು ಕೆಳಗಿಟ್ಟ. "ನಾನು ಅವ್ನ ಬಾಗಿಲಿನ ತನಕವೂ ಹೋಗ್ಲಿಲ್ಲ. ಮೆಟ್ಟಿಲಿನ ತಿರುವಿಗೆ ಬರುವಾಗ ಮೇಲೆ ಒಬ್ರು ನಿಂತಿದ್ರು. ಬೆನ್ನು ಕಂಡದ್ದು, ಮುಖ ಕಾಣ್ಲಿಲ್ಲ. ಪ್ಯಾಂಟು, ಇಸ್ತ್ರಿ ಮಾಡಿದ ಶರ್ಟು. ಪೊಲೀಸು ಅಂತ ನಾನು ಅಲ್ಲೇ ನಿಂತೆ. ಯಶ್ವಂತ್ ಒಳಗಿಂದ ಯಾರು ಅಂತ ಕೇಳಿದ. ಕಬ್ಬಿಣದ ಬಾಗಿಲು ತೆರೀಲಿಲ್ಲ."

"ಮ್ಯಾಲ ನಿಂತಾವ ಏನಂದ?"

ಲೀಲಾಧರ ನೆಲ ನೋಡಿದ.

"ಅದನ್ನೇ ನಿಮಗೆ ಹೇಳ್ಲಿಕ್ಕೆ ಇಷ್ಟು ದಿನ ನನಗೆ ಧೈರ್ಯ ಬರ್ಲಿಲ್ಲ. ನಿಮ್ಮ ಹೆಸರು ಹೇಳಿದ."

"ನನ್ನ ಹೆಸರು?"

"'ವೀರಭದ್ರಪ್ಪನೋರು ಕಳಿಸಿದ್ದಾರೆ. ಸ್ಟೇಷನ್ ಸೇಫ್ ಅಲ್ಲ, ಬೇರೆ ಕಡೆ ಕರ್ಕೊಂಡ್ ಬಾ ಅಂದ್ರು.' ಇದೇ ಮಾತು. ಯಶ್ವಂತ್ ಕೂಡ್ಲೇ ಬಾಗಿಲು ತೆರೆದ. ನಗ್ತಾ ತೆರೆದ ಸಾಹೇಬ್ರೆ, ಬದುಕಿದೆ ಅನ್ನುವ ಹಾಗೆ. ನಾನು ಕೆಳಗೆ ಓಡಿ ಟ್ಯಾಂಕರಿನ ಹಿಂದೆ ಅಡಗಿದೆ. ಇಬ್ರೂ ಬಿಳಿ ಕಾರಲ್ಲಿ ಹೋದ್ರು. ನಿಮ್ಮ ಜನವೇ ಅಂದ್ಮೇಲೆ ನಾನು ಯಾರಿಗೆ ದೂರು ಹೇಳುದು? ನಿಮ್ಮನ್ನೇ ಹೆದರ್ಕೊಂಡು ಕೂತೆ."

ವೀರಭದ್ರಪ್ಪ ಕೌಂಟರಿನ ಅಂಚನ್ನು ಗಟ್ಟಿಯಾಗಿ ಹಿಡಿದುಕೊಂಡ.

ಈ ಊರಿಗೆ ಬಂದ ಕನ್ನಡದವರಿಗೆ ಬಾಗಿಲು ತೆರೆದದ್ದು ಯಾವತ್ತೂ ಒಂದು ಹೆಸರಿನಿಂದ. ಗದಗದಿಂದ ಟ್ರಂಕು ಹೊತ್ತು ಕಲ್ಯಾಣಕ್ಕೆ ಇಳಿದ ಹತ್ತೊಂಬತ್ತರ ವೀರಭದ್ರಪ್ಪ ಒಂದು ಚಾಳಿನ ಬಾಗಿಲಲ್ಲಿ 'ಇಂಥವರು ಕಳಿಸ್ಯಾರ' ಎಂದಿದ್ದ. ಅಷ್ಟಕ್ಕೆ ಚಾಪೆ ಸಿಕ್ಕಿತ್ತು, ರೊಟ್ಟಿ ಸಿಕ್ಕಿತ್ತು. ಲೀಲಾಧರನ ಅಪ್ಪನಿಗೆ ಹೋಟೆಲಿನಲ್ಲಿ ಕೆಲಸ ಸಿಕ್ಕಿದ್ದೂ ಹಾಗೆಯೇ. ನೀನು ಯಾರು ಎಂದು ಇಲ್ಲಿ ಯಾರೂ ಕೇಳುವುದಿಲ್ಲ. ಯಾರು ಕಳಿಸಿದ್ದು ಎಂದು ಕೇಳುತ್ತಾರೆ. ಹೆದರಿ ನಡುಗುತ್ತಿದ್ದ ಯಶ್ವಂತನಿಗೂ ವೀರಭದ್ರಪ್ಪ ಅದನ್ನೇ ಹೇಳಿಕೊಟ್ಟಿದ್ದ: ನನ್ನ ಹೆಸರು ಹೇಳಿದವರಿಗಷ್ಟೇ ಬಾಗಿಲು ತೆಗಿ. ಪೊಲೀಸನ ಬುದ್ಧಿಯಲ್ಲ ಅದು, ಊರಿನವನ ಬುದ್ಧಿ. ಹುಡುಗನನ್ನು ಕಾಯಲೆಂದು ಕೊಟ್ಟ ಮಾತೇ ಕೊಂದವನಿಗೆ ಬೀಗದ ಕೈಯಾಗಿತ್ತು.

"ಮಾತು ಹೆಂಗಿತ್ತು ಅವಂದು? ಯಾವ ಕಡೆ ಕನ್ನಡ?"

"ನಮ್ಮ ಕಡೆದಲ್ಲ. ನಿಮ್ಮ ಕಡೆದೂ ಅಲ್ಲ. ಬೆಂಗಳೂರಿಂದು."

ಸ್ಟೇಷನ್ನಿನ ಭೇಟಿ ಯಾರಿಗೆ ಗೊತ್ತಿತ್ತು? ಯಶ್ವಂತನಿಗೆ, ತನಗೆ. ಶನಿವಾರ ಬೆಳಿಗ್ಗೆ ನಿಯತ್ತಿನಿಂದ ಒಪ್ಪಿಸಿದ ವರದಿಯಲ್ಲಿ ಅದೂ ಇತ್ತು. ಹಾಗಾದರೆ ಇನ್ನೊಬ್ಬನಿಗೂ ಗೊತ್ತಿತ್ತು.

ಇವತ್ತು ಬೆಳಿಗ್ಗೆಯ ವರದಿಯಲ್ಲಿ ಏನಿತ್ತು? ಪ್ರಣೀತಾ. ಅಣ್ಣನ ಫೋನು. ಮೂರೂವರೆಗೆ ಕೆಲಸ ಬಿಡುತ್ತಾಳೆ.

ಗೋಡೆಯ ಗಡಿಯಾರ ನಾಲ್ಕಕ್ಕೆ ಹತ್ತು ನಿಮಿಷ ತೋರಿಸುತ್ತಿತ್ತು. ನಿನ್ನೆ ಅವಳ ಮನೆಯ ಹೊಸ್ತಿಲಲ್ಲಿ ನಿಂತು ತಾನು ಹೇಳಿದ ಮಾತು ವೀರಭದ್ರಪ್ಪನಿಗೆ ನೆನಪಾಯಿತು. ನನ್ನ ಹೆಸರು ಹೇಳಿದವರ ಜೋಡಿ ಅಷ್ಟೇ ಬಾರವ್ವಾ ಎಂದಿದ್ದ. ಅವಳ ನಂಬರು ಒತ್ತಿದ. ಒಂದು ಸಲ ರಿಂಗಾಯಿತು, ಎರಡು ಸಲ, ಐದು ಸಲ.

"ಹಾ ಅಂಕಲ್, ಬೋಲಿಯೇ!"

ಬದುಕಿದ್ದಾಳೆ.

"ಎಲ್ಲಿದ್ದೀಯವ್ವಾ? ರೈಲು ಹತ್ತಿದ್ಯಾ?"

"ನಹೀ ಅಂಕಲ್, ಕಾರಲ್ಲಿ ಇದ್ದೇನೆ. ಕ್ಲಿನಿಕ್‌ಗೇ ಬಂದ್ರು ಸರ್, ನೀವು ಕಳ್ಸಿದ್ದು ಅಂತ. ಹಲೋ, ಕೇಳ್ತದಾ? ನನ್ನ ಫೋನ್ ಚಾರ್ಜ್ ಕಮ್ಮಿ ಉಂಟು ಅಂತ ಸರ್ ಅದನ್ನ ಕಾರಿಗೆ ಕನೆಕ್ಟ್ ಮಾಡಿದ್ದಾರೆ. ನಿಮ್ಮ ಆವಾಜ್ ಕಾರಿನ ಸ್ಪೀಕರಲ್ಲೇ ಬರ್ತಾ ಉಂಟು."

"ನಮಸ್ಕಾರ ವೀರಭದ್ರಪ್ಪನೋರೆ," ಎಂದಿತು ಇನ್ನೊಂದು ದನಿ. ದಿನಾ ಬೆಳಿಗ್ಗೆ ಅವನು ವರದಿ ಒಪ್ಪಿಸುತ್ತಿದ್ದ ಅದೇ ದನಿ, ಅದೇ ಸಮಾಧಾನ. "ಪಾಪ, ಹುಡುಗಿ ಒಬ್ಳೇ ಅಷ್ಟು ರಶ್‌ನಲ್ಲಿ ಯಾಕೆ ಅಂತ ನಾನೇ ಬಂದ್ಬಿಟ್ಟೆ. ತಪ್ಪಿಲ್ಲ ತಾನೆ?"

ವೀರಭದ್ರಪ್ಪ ಎಡಗೈಯಿಂದ ಕೌಂಟರಿನ ಮೇಲಿದ್ದ ಆರ್ಡರ್ ಬುಕ್ಕು ಎಳೆದುಕೊಂಡು ಗೀಚಿದ: ಪೊಲೀಸಿಗೆ ಫೋನ್ ಹಚ್ಚು. ಬಿಳಿ ಕಾರು. ಘೋಡಬಂದರ್ ರಸ್ತೆ. ಅದನ್ನು ಲೀಲಾಧರನ ಮುಖಕ್ಕೆ ಹಿಡಿದ. ಲೀಲಾಧರ ಓದಿದ, ಫೋನು ಹುಡುಕಲು ಜೇಬು ತಡಕಿದ, ಸಿಗದೆ ಅಡಿಗೆಮನೆಗೆ ಓಡಿದ.

"ತಪ್ಪೇನ್ರಿ ಸಾಹೇಬ್ರ," ವೀರಭದ್ರಪ್ಪ ನಗುವ ದನಿ ತಂದುಕೊಂಡ. "ಬೆಳಿಗ್ಗಿಂದ ಅಡ್ಡಾಡಿ ಸಾಕಾಗೈತಿ. ನಿಮ್ಮಿಂದ ಉಪಕಾರ ಆತು."

"ಅಂಕಲ್, ಒಂದು ಮಿನಿಟ್," ಪ್ರಣೀತಾ ನಡುವೆ ಬಾಯಿ ಹಾಕಿದಳು. ಅವಳ ದನಿ ಸ್ವಲ್ಪ ತಗ್ಗಿತ್ತು. "ನಾವು ಈಗ ಗಾಯಮುಖ ಕ್ರಾಸ್ ಮಾಡಿದ್ವಿ. ಡೊಂಬಿವಲಿಗೆ ಇದು ಉಲ್ಟಾ ಅಲ್ವಾ? ಆ ಕಡೆ ಟ್ರಾಫಿಕ್ ಉಂಟು ಅಂತಾರೆ ಸರ್. ಇವ್ರನ್ನ ನೀವೇ ಕಳ್ಸಿದ್ದು ನಾ, ಅಂಕಲ್? ಪಕ್ಕಾ?"

ಉಲ್ಟಾವೇ. ಗಾಯಮುಖದಾಚೆ ಒಂದು ಕಡೆ ಸಮುದ್ರದ ಖಾಡಿಯ ನೀರು, ಇನ್ನೊಂದು ಕಡೆ ಕಾಡು. ಹುಡುಗಿಗೆ ಅನುಮಾನ ಬಂದಿದೆ. ಅಲ್ಲ ಎಂದರೆ ಅವಳಿಗೆ ತಿಳಿಯುತ್ತದೆ, ಅದೇ ಕ್ಷಣ ಪಕ್ಕದಲ್ಲಿರುವವನಿಗೂ ತಿಳಿಯುತ್ತದೆ. ಓಡುವ ಕಾರಿನಲ್ಲಿ ಸಿಕ್ಕಿಬಿದ್ದೆನೆಂದು ಗೊತ್ತಾದ ಮನುಷ್ಯ ಏನು ಮಾಡುತ್ತಾನೆಂದು ಮೂವತ್ತೊಂದು ವರ್ಷದ ಪೊಲೀಸನಿಗೆ ಯಾರೂ ಹೇಳಿಕೊಡಬೇಕಿಲ್ಲ. ಹೌದು ಎಂದರೆ ಅವಳು ಸುಮ್ಮನೆ ಕೂರುತ್ತಾಳೆ. ಅವಳ ಅಣ್ಣನೂ ಹೀಗೇ ಸುಮ್ಮನೆ ಕೂತು ಹೋಗಿದ್ದ.

ಒಂದಿಷ್ಟು ನಿಮಿಷ ಬೇಕಿತ್ತು ಅವನಿಗೆ. ಹತ್ತೋ, ಹದಿನೈದೋ. ಅಡಿಗೆಮನೆಯಲ್ಲಿ ಲೀಲಾಧರ ಯಾರಿಗೋ ಹಿಂದಿಯಲ್ಲಿ ತೊದಲುತ್ತ ವಿಳಾಸ ಹೇಳುತ್ತಿದ್ದ.

"ಅಂಕಲ್? ಸುನಾಯಿ ದೇ ರಹಾ ಹೈ? ಕೇಳ್ತಾ ಉಂಟಾ?"

"ಹೌದವ್ವಾ," ಎಂದ ವೀರಭದ್ರಪ್ಪ. ತನ್ನದೇ ದನಿ ಅವನಿಗೆ ಗುರುತು ಸಿಗಲಿಲ್ಲ. "ನಾನ ಕಳಿಸೇನಿ."

ಹುಡುಗಿ ನಿರಾಳವಾಗಿ ನಕ್ಕದ್ದು ಕೇಳಿಸಿತು.

"ಅಷ್ಟೇ ಅಂಕಲ್, ಅಷ್ಟು ಗೊತ್ತಾದ್ರೆ ಸಾಕು ನಂಗೆ," ಎಂದಳು. ಫೋನು ಕಟ್ಟಾಯಿತು.